ಸೂರ್ಯನ ಮಗ್ಗುಲಲ್ಲಿ ಬಾಲದ ಚುಕ್ಕಿ



ಧೂಮಕೇತುವನ್ನು ನಾವು ಉರ್ದುವಿನಲ್ಲಿ 'ದುಮ್‌ದಾರ್ ಸಿತಾರಾ', ಅಂದರೆ ಬಾಲವುಳ್ಳ ನಕ್ಷತ್ರ ಎನ್ನುತ್ತೇವೆ. ಆದರೆ ಅದು ನಕ್ಷತ್ರವಲ್ಲ, ಮಂಜುಗಡ್ಡೆ ಮತ್ತು ಧೂಳಿನ ಉಂಡೆ. ಸೂರ್ಯನ ಬಿಸಿಗೆ ಮಂಜು ಆವಿಯಾಗಿ ಬಾಲ ಮೂಡುತ್ತದೆ. ಅದನ್ನು ಕಂಡರೆ ಕೇಡೆಂದು ಹೆದರಬೇಕಾಗಿಲ್ಲ.

ಸೂರ್ಯನ ತೀರಾ ಸಮೀಪ ಹೋಗುವ ಧೂಮಕೇತುಗಳು ಅವನ ಬೆಳಕಿನಲ್ಲಿ ನಮಗೆ ಕಾಣುವುದಿಲ್ಲ. 1995ರಲ್ಲಿ ಯೂರೋಪ್ ಮತ್ತು ಅಮೆರಿಕದ ಸಂಸ್ಥೆಗಳು ಕಳುಹಿಸಿದ 'ಸೋಹೊ' ನೌಕೆಯು ಸೂರ್ಯಬಿಂಬವನ್ನು ಒಂದು ಬಿಲ್ಲೆಯಿಂದ ಮರೆಮಾಡಿ ಸುತ್ತಲಿನ ಚಿತ್ರ ತೆಗೆಯಿತು. ಆ ಚಿತ್ರಗಳಲ್ಲಿ 2024ರ ಮಾರ್ಚ್ ವೇಳೆಗೆ 5000 ಧೂಮಕೇತುಗಳು ಸಿಕ್ಕವು. ಹೆಚ್ಚಿನವನ್ನು ಪತ್ತೆಹಚ್ಚಿದವರು ಹವ್ಯಾಸಿಗಳು. 5000ನೆಯದನ್ನು ಕಂಡ ಹಾಂಜಿಯೆ ತಾನ್ ಎಂಬ ವಿದ್ಯಾರ್ಥಿ ಈ ಹುಡುಕಾಟಕ್ಕೆ ತೊಡಗಿದ್ದು 13ನೇ ವಯಸ್ಸಿನಲ್ಲಿ!

ನಮ್ಮ ಇಸ್ರೋದ ಆದಿತ್ಯ-ಎಲ್1 2023ರ ಸೆಪ್ಟೆಂಬರ್ 2ರಂದು ಹೊರಟು, 2024ರ ಜನವರಿ 6ರಂದು 15 ಲಕ್ಷ ಕಿ.ಮೀ. ದೂರದ ತನ್ನ ಕಕ್ಷೆ ಸೇರಿತು. ಅಲ್ಲಿಂದ ಸೂರ್ಯನನ್ನು ಹಗಲಿರುಳೆನ್ನದೆ ನೋಡಬಹುದು. ಸೂರ್ಯಬಿಂಬವನ್ನು ಮರೆಮಾಡಿ ನೋಡುವ ಅದರ ಮುಖ್ಯ ಉಪಕರಣ ಸಿದ್ಧವಾದದ್ದು ಬೆಂಗಳೂರಿನ ಬಳಿಯ ಹೊಸಕೋಟೆಯಲ್ಲಿ. ಯೋಜನೆಯನ್ನು ಮುನ್ನಡೆಸಿದ ನಿಗಾರ್ ಶಾಜಿಯವರು ತಮಿಳುನಾಡಿನ ಸೆಂಗೋಟೈನ ರೈತರೊಬ್ಬರ ಮಗಳು.

ಪಾಲಕರೇ, ಹತ್ತನೇ ತರಗತಿ ಮುಗಿಯಿತೆಂದು ಹೆಣ್ಣುಮಕ್ಕಳ ಓದು ನಿಲ್ಲಿಸಬೇಡಿ. ವಿಜ್ಞಾನ ನಮ್ಮಂಥವರಿಗಲ್ಲ ಎನ್ನಬೇಡಿ. ವಿದ್ಯಾರ್ಥಿಗಳೇ, ಸೂರ್ಯನನ್ನು ಬರಿಗಣ್ಣಿನಿಂದ ನೋಡಬೇಡಿ. ಸೋಹೊ ಚಿತ್ರಗಳು ಅಂತರ್ಜಾಲದಲ್ಲಿ ಎಲ್ಲರಿಗೂ ಉಚಿತವಾಗಿ ಸಿಗುತ್ತವೆ. ಅವನ್ನು ತಾಳ್ಮೆಯಿಂದ ನೋಡಿ. ಬೇಕಾದದ್ದು ಅದೊಂದೇ.