ಕಥೆಯ ಮಲತಾಯಿ, ಮನೆಯ ಚಿಕ್ಕಮ್ಮ

ಓದುಗರ ಕೂಟವೊಂದರಲ್ಲಿ ಮಾಡಿದ ಉಪನ್ಯಾಸದ ಬರಹರೂಪ

ಕೇಂದ್ರದಿಂದ ಬರಬೇಕಾದ ಅನುದಾನ ಕಡಿಮೆಯಾಯಿತೆನ್ನಿ, ರೈಲು ಮಾರ್ಗವೊಂದು ನೆನೆಗುದಿಗೆ ಬಿತ್ತೆನ್ನಿ, ಮರುದಿನದ ಪತ್ರಿಕೆಯಲ್ಲಿ ಒಂದು ಮಾತು ತಪ್ಪದೆ ಕಾಣಿಸಿಕೊಳ್ಳುತ್ತದೆ: 'ಮಲತಾಯಿ ಧೋರಣೆ'. ಆಡಳಿತ ಪಕ್ಷ, ವಿರೋಧ ಪಕ್ಷ ಎರಡಕ್ಕೂ ಒಗ್ಗಿಹೋದ ಮಾತು ಇದು. ಕೇಳಿದವರ ಕಣ್ಣಮುಂದೆ ತಕ್ಷಣ ಒಬ್ಬ ಹೆಂಗಸು ಬಂದು ನಿಲ್ಲುತ್ತಾಳೆ. ತನ್ನ ಮಗುವಿಗೆ ತುಪ್ಪ ಬಡಿಸಿ ಸವತಿಯ ಮಗುವಿಗೆ ತಂಗಳು ಹಾಕುವವಳು. 'ಮಲತಂದೆ ಧೋರಣೆ' ಎಂದು ಮಾತ್ರ ಯಾರೂ ಯಾರನ್ನೂ ದೂರುವುದಿಲ್ಲ. ಮತ್ತೊಬ್ಬಳು ಹೆತ್ತ ಮಕ್ಕಳನ್ನು ಸಾಕಿ ಸಲಹಿ ದೊಡ್ಡವರನ್ನಾಗಿ ಮಾಡಿದ ಹೆಂಗಸರು ನಮ್ಮ ಊರುಗಳಲ್ಲಿ ಕಡಿಮೆ ಇಲ್ಲ. ಅವರೂ ಬೆಳಿಗ್ಗೆ ಎದ್ದು ಅದೇ ಪತ್ರಿಕೆಯನ್ನು ಓದುತ್ತಾರೆ.

ಈ ಕೆಟ್ಟ ಹೆಂಗಸು ಎಲ್ಲಿಂದ ಬಂದಳು? ಹೆಚ್ಚಾಗಿ ಕಥೆಗಳಿಂದ. ಅವಳನ್ನು ಹಾಗೆ ಬರೆದ ಕೈ ಯಾವುದು ಎಂಬುದು ಒಂದೆರಡು ಕಡೆಯಾದರೂ ಸ್ಪಷ್ಟವಾಗಿ ಗೊತ್ತಿದೆ.

ಜರ್ಮನಿಯ ಯಾಕೋಬ್ ಗ್ರಿಮ್ ಮತ್ತು ವಿಲ್‌ಹೆಲ್ಮ್ ಗ್ರಿಮ್ ಎಂಬ ಸೋದರರು ತಮ್ಮ ಜನಪದ ಕಥೆಗಳ ಮೊದಲ ಸಂಪುಟವನ್ನು 1812ರಲ್ಲಿ ಹೊರತಂದರು. ಅದರಲ್ಲಿರುವ 'ಸ್ನೋವೈಟ್' ಕಥೆ ಎಲ್ಲರಿಗೂ ಗೊತ್ತಿರುವುದೇ. ಮಗಳ ಚೆಲುವನ್ನು ಸಹಿಸದೆ ಅವಳನ್ನು ಕೊಲ್ಲಿಸಲು ಹೊರಟ ರಾಣಿ, ಮಾತನಾಡುವ ಕನ್ನಡಿ, ಏಳು ಮಂದಿ ಕುಳ್ಳರು. 1812ರ ಪುಸ್ತಕದಲ್ಲಿ ಈ ರಾಣಿ ಮಲತಾಯಿಯಲ್ಲ, ಹೆತ್ತ ತಾಯಿ. ಹಿಮದಷ್ಟು ಬಿಳಿಯ ಮಗು ಬೇಕೆಂದು ಹಂಬಲಿಸಿ ಹೆತ್ತವಳೇ ಅದನ್ನು ಕೊಲ್ಲಲು ಹೊರಡುತ್ತಾಳೆ. ಏಳು ವರ್ಷಗಳ ನಂತರ, 1819ರ ಎರಡನೆಯ ಆವೃತ್ತಿಯಲ್ಲಿ ಸೋದರರು ಕಥೆಯನ್ನು ತಿದ್ದಿದರು. ಹೆತ್ತ ರಾಣಿ ಹೆರಿಗೆಯಲ್ಲೇ ತೀರಿಕೊಂಡಳು. ರಾಜ ಒಂದು ವರ್ಷದ ಬಳಿಕ ಮರುಮದುವೆಯಾದ. ಕನ್ನಡಿ ಎರಡನೆಯ ಹೆಂಡತಿಯ ಕೈಗೆ ಹೋಯಿತು. ಕಾಡಿನಲ್ಲಿ ಬಿಟ್ಟುಬಂದ ಅಣ್ಣತಂಗಿಯರ ಕಥೆ 'ಹ್ಯಾನ್ಸೆಲ್ ಮತ್ತು ಗ್ರೆಟೆಲ್'ನಲ್ಲೂ ಇದೇ ಆಯಿತು. ಬರಗಾಲದಲ್ಲಿ ಮಕ್ಕಳನ್ನು ಕಾಡುಪಾಲು ಮಾಡೋಣ ಎಂದು ಗಂಡನ ಕಿವಿಯೂದುವವಳು 1812ರಲ್ಲಿ ತಾಯಿ. 1840ರ ಆವೃತ್ತಿಯ ಹೊತ್ತಿಗೆ ಅವಳೂ ಮಲತಾಯಿಯಾಗಿದ್ದಳು.

ಹೀಗೇಕೆ? ಮೊದಮೊದಲು ವಿದ್ವಾಂಸರಿಗೆಂದು ಸಂಗ್ರಹಿಸಿದ ಪುಸ್ತಕ ಮಕ್ಕಳ ಕೋಣೆಗೆ ಹೋಗತೊಡಗಿತ್ತು. ತಾಯ್ತನವನ್ನು ಪವಿತ್ರವೆಂದು ಕಾಣುತ್ತಿದ್ದ ಮಧ್ಯಮವರ್ಗದ ಮನೆಗಳಲ್ಲಿ, ಹೆತ್ತವಳೇ ಕೊಲ್ಲಲು ಬರುವ ಕಥೆಯನ್ನು ತಾಯಿ ಮಗುವಿಗೆ ಓದಿಹೇಳುವುದು ಹೇಗೆ? ತಾಯಿಯ ಮಾನ ಉಳಿಯಬೇಕಿತ್ತು. ಅದಕ್ಕೆ ಬೆಲೆ ತೆತ್ತವಳು ಮಲತಾಯಿ. ಮನೋವಿಜ್ಞಾನಿ ಬ್ರೂನೋ ಬೆಟೆಲ್‌ಹೈಮ್ 1976ರ ತಮ್ಮ ಪುಸ್ತಕದಲ್ಲಿ ಇದನ್ನೇ ಇನ್ನೊಂದು ಬಗೆಯಲ್ಲಿ ವಿವರಿಸಿದರು: ಮಗು ತನ್ನ ತಾಯಿಯ ಮುದ್ದನ್ನೂ ಸಿಟ್ಟನ್ನೂ ಇಬ್ಬರು ಹೆಂಗಸರಿಗೆ ಹಂಚಿ, ಸಿಟ್ಟನ್ನೆಲ್ಲ ಮಲತಾಯಿಯ ತಲೆಗೆ ಕಟ್ಟುತ್ತದೆ. ಮಗುವಿಗೆ ಇದರಿಂದ ಸಮಾಧಾನ ಸಿಗಬಹುದು. ನಿಜವಾಗಿ ಮಲತಾಯಿಯಾಗಿರುವವಳಿಗೆ ಏನು ಸಿಗುತ್ತದೆ ಎಂದು ಆ ವಾದ ಕೇಳುವುದಿಲ್ಲ.

ಇದೆಲ್ಲ ಗ್ರಿಮ್ ಸೋದರರಿಂದಲೇ ಶುರುವಾಯಿತೆಂದಲ್ಲ. ಸಿಂಡರೆಲಾಳ ಮಲತಾಯಿ ಫ್ರಾನ್ಸಿನ ಪೆರೋ 1697ರಲ್ಲಿ ಪ್ರಕಟಿಸಿದ ಕಥೆಯಲ್ಲೇ ಇದ್ದಾಳೆ. ಅದಕ್ಕೂ ಬಹಳ ಹಿಂದೆ, 9ನೆಯ ಶತಮಾನದ ಚೀನಾದಲ್ಲಿ ದುವಾನ್ ಚೆಂಗ್‌ಷಿ ಬರೆದಿಟ್ಟ ಯೆ ಷಿಯಾನ್ ಕಥೆಯಲ್ಲೂ ಇದ್ದಾಳೆ. ಆದರೆ ಎ.ಕೆ. ರಾಮಾನುಜನ್ ಸಂಗ್ರಹಿಸಿದ ಕನ್ನಡದ ಸಿಂಡರೆಲಾ 'ಹಂಚಿ'ಯ ಕಥೆ ಬೇರೆ ದಾರಿ ಹಿಡಿಯುತ್ತದೆ. ಅಲ್ಲಿ ಹುಡುಗಿಗೆ ಅಪಾಯ ಬರುವುದು ಅಣ್ಣನ ಕೆಟ್ಟ ಕಣ್ಣಿನಿಂದ. ಮಣ್ಣಿನ ಮುಖವಾಡ ತೊಡಿಸಿ ಅವಳನ್ನು ಮನೆಯಿಂದ ಪಾರುಮಾಡುವವಳು ತಾಯಿ. ಮಲತಾಯಿಯಿಲ್ಲದೆಯೂ ಈ ಕಥೆ ನಡೆಯಬಲ್ಲದು ಎಂಬುದಕ್ಕೆ ಸಾಕ್ಷಿ ನಮ್ಮಲ್ಲೇ ಇದೆ.

ಇಷ್ಟೆಲ್ಲ ತಿದ್ದುಪಡಿಗಳ ನಡುವೆ ಒಬ್ಬನನ್ನು ಯಾರೂ ತಿದ್ದಲಿಲ್ಲ. ಅವನು ತಂದೆ. ಸ್ನೋವೈಟಳ ತಂದೆ ಕಥೆಯಲ್ಲಿ ಬಾಯಿಯೇ ಬಿಡುವುದಿಲ್ಲ. ಹ್ಯಾನ್ಸೆಲ್‌ನ ತಂದೆ ಗೊಣಗುತ್ತಲೇ ಎರಡು ಸಲ ಮಕ್ಕಳನ್ನು ಕಾಡಿಗೆ ಕರೆದೊಯ್ದು ಬಿಟ್ಟು ಬರುತ್ತಾನೆ. ಕೊನೆಗೆ ಹೆಂಡತಿ ಸತ್ತಿರುತ್ತಾಳೆ, ಮಕ್ಕಳು ಬಂದು ಅವನ ಕೊರಳಿಗೆ ಬೀಳುತ್ತಾರೆ. ನಮ್ಮ ಧ್ರುವನ ಕಥೆಯಲ್ಲಿ ತಂದೆಯ ತೊಡೆಯೇರಲು ಹೋದ ಬಾಲಕನನ್ನು ಸುರುಚಿ ಗದರಿಸುವಾಗ ಉತ್ತಾನಪಾದ ರಾಜ ಪಕ್ಕದಲ್ಲೇ ಕುಳಿತಿದ್ದ. ತೊಡೆ ಅವನದು, ಮಗನೂ ಅವನ ಮಗನೇ. ಶತಮಾನಗಳಿಂದ ಶಾಪ ಹಾಕಿಸಿಕೊಂಡವಳು ಸುರುಚಿ ಒಬ್ಬಳೇ.

ಶಾಲೆಯ ಪಾಠದಲ್ಲಿ ಧ್ರುವನ ಕಥೆ ತಪಸ್ಸು, ವರ, ಧ್ರುವನಕ್ಷತ್ರ ಎಂದು ಮುಗಿದುಹೋಗುತ್ತದೆ. ಭಾಗವತದಲ್ಲಿ ನಡುವೆ ಇನ್ನೊಂದು ದೃಶ್ಯವಿದೆ. ತಪಸ್ಸು ಮುಗಿಸಿ ಊರಿಗೆ ಮರಳಿದ ಬಾಲಕ ಇಬ್ಬರು ತಾಯಂದಿರಿಗೂ ನಮಸ್ಕರಿಸುತ್ತಾನೆ. ಕಾಲಿಗೆರಗಿದವನನ್ನು ಸುರುಚಿ ಎತ್ತಿ ಅಪ್ಪಿಕೊಂಡು, ಗಂಟಲು ಕಟ್ಟಿ, ಬಾಳು ಎಂದು ಹರಸುತ್ತಾಳೆ. ಹರಿಕಥೆಗಳಲ್ಲೂ ಪಠ್ಯಪುಸ್ತಕಗಳಲ್ಲೂ ಈ ಅಪ್ಪುಗೆ ಯಾಕೋ ಕೈಬಿಟ್ಟುಹೋಗುತ್ತದೆ. ಕೈಕೇಯಿಯದೂ ಹೀಗೆಯೇ. ವಾಲ್ಮೀಕಿಯಲ್ಲಿ ರಾಮನ ಪಟ್ಟಾಭಿಷೇಕದ ಸುದ್ದಿ ತಂದ ಮಂಥರೆಗೆ ಅವಳು ಮೊದಲು ಕೊಡುವುದು ಒಡವೆಯ ಉಡುಗೊರೆ. ರಾಮನಿಗೂ ಭರತನಿಗೂ ತನ್ನ ಪಾಲಿಗೆ ಭೇದವಿಲ್ಲ ಎನ್ನುತ್ತಾಳೆ. ಅವಳನ್ನು ತಿರುಗಿಸಿದ ಮಾತು ಯಾವುದೆಂದು ನೋಡಬೇಕು. ರಾಮ ರಾಜನಾದರೆ ಮುಂದೆ ಅವನ ಮಗ ರಾಜನಾಗುತ್ತಾನೆ, ಭರತನ ವಂಶ ಹೊರಗುಳಿಯುತ್ತದೆ ಎಂಬುದು ಮಂಥರೆಯ ವಾದ. ಅದು ಉತ್ತರಾಧಿಕಾರದ ಲೆಕ್ಕ. ಇಬ್ಬರು ತಾಯಂದಿರ ಮಕ್ಕಳು, ಒಂದೇ ಆಸ್ತಿ: ಮಲತಾಯಿಯ ಕಥೆಗಳ ಬೇರನ್ನು ಅಗೆದರೆ ಬಹಳ ಕಡೆ ಸಿಗುವುದು ಇದೇ. ಮರೀನಾ ವಾರ್ನರ್ 1994ರ ತಮ್ಮ ಪುಸ್ತಕದಲ್ಲಿ ಯೂರೋಪಿನ ಕಥೆಗಳನ್ನು ಹೀಗೆ ಚರಿತ್ರೆಯ ಬೆಳಕಿನಲ್ಲಿ ಓದಿದ್ದಾರೆ. ಹೆರಿಗೆಯಲ್ಲಿ ಹೆಂಗಸರು ಸಾಯುತ್ತಿದ್ದ, ಗಂಡಸರು ಬೇಗನೆ ಮರುಮದುವೆಯಾಗುತ್ತಿದ್ದ ಕಾಲ ಅದು. ಒಂದೇ ಒಲೆಯ ಸುತ್ತ ಎರಡು ಸಂಸಾರದ ಮಕ್ಕಳು ರೊಟ್ಟಿಗೆ ಕಾಯುತ್ತಿದ್ದರು.

ಆಸ್ತಿಯ ಮಾತು ಬಂದಮೇಲೆ ನಮ್ಮ ಕಾನೂನಿನ ಪುಸ್ತಕವನ್ನೂ ಒಮ್ಮೆ ತೆರೆಯಬೇಕು. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ, ಉಯಿಲು ಬರೆಯದೆ ತೀರಿಕೊಂಡ ಗಂಡಸಿನ ಮೊದಲ ದರ್ಜೆಯ ವಾರಸುದಾರರಲ್ಲಿ 'ತಾಯಿ' ಇದ್ದಾಳೆ. ಆ ಪದದೊಳಗೆ ಮಲತಾಯಿ ಬರುವುದಿಲ್ಲ. ಅವಳಿಗೆ ಎರಡನೆಯ ದರ್ಜೆಯ ಪಟ್ಟಿಯಲ್ಲಿ, ಸಾಕಷ್ಟು ಕೆಳಗೆ, 'ತಂದೆಯ ವಿಧವೆ' ಎಂಬ ಹೆಸರಿನಲ್ಲಿ ಜಾಗ. ಅವಳ ಸ್ವಂತ ಆಸ್ತಿಯ ವಿಷಯದಲ್ಲಿ 'ಮಗ' ಎಂದರೆ ಮಲಮಗನೂ ಸೇರುತ್ತಾನೆಯೇ ಎಂಬ ಪ್ರಶ್ನೆಗೆ ಸುಪ್ರೀಂ ಕೋರ್ಟು 1987ರಲ್ಲಿ ಇಲ್ಲ ಎಂದಿತು. ಮುಪ್ಪಿನಲ್ಲಿ ಮಲಮಗನಿಂದ ಜೀವನಾಂಶ ಕೇಳಬಹುದೇ ಎಂಬುದು 1996ರಲ್ಲಿ ಅದೇ ನ್ಯಾಯಾಲಯದ ಮುಂದೆ ಬಂತು. ಸ್ವಂತ ಮಕ್ಕಳಿಲ್ಲದವಳಾಗಿದ್ದು, ವಿಧವೆಯಾಗಿದ್ದರೆ ಅಥವಾ ಗಂಡನಿಗೆ ಸಾಕುವ ಶಕ್ತಿ ಇಲ್ಲದಿದ್ದರೆ ಕೇಳಬಹುದು ಎಂದು ತೀರ್ಪಾಯಿತು. ಹಿರಿಯರ ಪೋಷಣೆಗಾಗಿ 2007ರಲ್ಲಿ ಬಂದ ಕಾಯ್ದೆ ಮಾತ್ರ ಷರತ್ತಿಲ್ಲದೆ 'ತಂದೆತಾಯಿ' ಎಂಬ ಪದದೊಳಗೆ ಮಲತಂದೆ, ಮಲತಾಯಿಯರನ್ನೂ ಸೇರಿಸಿಕೊಂಡಿತು. ಕಥೆಗಳು ಇನ್ನೂ ಕೊಡದ ಜಾಗವನ್ನು ಒಂದು ಶಾಸನ ಕೊಟ್ಟಿತು.

ಮಲತಂದೆಯ ಕಥೆಗಳು ನಮ್ಮಲ್ಲಿ ಇಷ್ಟು ಕಡಿಮೆ ಏಕೆ? ಹೆಂಡತಿ ಸತ್ತವನು ವರ್ಷ ತುಂಬುವುದರೊಳಗೆ ಮದುವೆಯಾಗಬಹುದಿತ್ತು. ಮೇಲುಜಾತಿಗಳಲ್ಲಿ ಗಂಡ ಸತ್ತವಳಿಗೆ ಆ ದಾರಿ ಇರಲಿಲ್ಲ. ಕೂಡಿಕೆ, ಉಡಿಕೆ ಎಂಬ ಹೆಸರುಗಳಲ್ಲಿ ಕರ್ನಾಟಕದ ಎಷ್ಟೋ ಸಮುದಾಯಗಳು ವಿಧವೆಯ ಮರುಮದುವೆಯನ್ನು ಒಪ್ಪಿದ್ದವು, ಆದರೆ ಪುಸ್ತಕ ಬರೆಯುತ್ತಿದ್ದವರು ಹೆಚ್ಚಾಗಿ ಆ ಸಮುದಾಯಗಳವರಲ್ಲ. ಬ್ರಿಟಿಷ್ ಭಾರತದಲ್ಲಿ 1856ರ ಕಾಯ್ದೆ ವಿಧವಾ ವಿವಾಹಕ್ಕೆ ಮಾನ್ಯತೆ ಕೊಟ್ಟಿತು. ಅದೇ ಕಾಯ್ದೆ, ಮರುಮದುವೆಯಾದವಳಿಗೆ ಸತ್ತ ಗಂಡನ ಆಸ್ತಿಯ ಮೇಲಿದ್ದ ಹಕ್ಕನ್ನು ಕಿತ್ತುಕೊಂಡಿತು. ಅವಳ ಮಕ್ಕಳಿಗೆ ಬೇರೆ ಪೋಷಕರನ್ನು ನೇಮಿಸಿ ಎಂದು ಗಂಡನ ಕಡೆಯವರು ನ್ಯಾಯಾಲಯಕ್ಕೆ ಹೋಗಲೂ ಅವಕಾಶ ಇಟ್ಟಿತು. ಹೆಂಗಸು ಹೊಸ ಮನೆಗೆ ಹೋಗಬಹುದು, ಮಗು ಹಳೆಯ ಮನೆಯದು.

ಕನ್ನಡದಲ್ಲಿ ಈ ನೋವನ್ನು ಹತ್ತಿರದಿಂದ ಕಂಡ ಕಾದಂಬರಿ ಎಸ್.ಎಲ್. ಭೈರಪ್ಪನವರ 'ವಂಶವೃಕ್ಷ' (1965). ಎಳೆಯ ವಿಧವೆ ಕಾತ್ಯಾಯಿನಿ ರಾಜನನ್ನು ಮದುವೆಯಾಗುತ್ತಾಳೆ. ಮಗು ಚೀನಿ ನಂಜನಗೂಡಿನಲ್ಲಿ ಅಜ್ಜ ಶ್ರೀನಿವಾಸ ಶ್ರೋತ್ರಿಯರ ಬಳಿಯೇ ಉಳಿಯುತ್ತಾನೆ. ರಾಜ ಮಲತಂದೆಯಾಗುವ ಸಂದರ್ಭವೇ ಬರುವುದಿಲ್ಲ. ಕೂಡಬೇಕಾಗಿದ್ದ ಒಂದು ಸಂಸಾರ ಕೂಡದೆಯೇ ಹೋಗುತ್ತದೆ. 1971ರಲ್ಲಿ ಬಿ.ವಿ. ಕಾರಂತ ಮತ್ತು ಗಿರೀಶ ಕಾರ್ನಾಡರು ಇದನ್ನು ಚಲನಚಿತ್ರ ಮಾಡಿದಾಗಲೂ ಚರ್ಚೆಯೆಲ್ಲ ವಿಧವಾ ವಿವಾಹ, ವಂಶದ ಶುದ್ಧಿಗಳ ಸುತ್ತಲೇ ಹೆಚ್ಚಾಗಿ ನಡೆಯಿತು. ರಾಜ ಆ ಮಗುವನ್ನು ಹೇಗೆ ನೋಡಿಕೊಳ್ಳುತ್ತಿದ್ದ ಎಂಬ ಪ್ರಶ್ನೆಯೂ ಕೇಳತಕ್ಕದ್ದೇ ಆಗಿತ್ತು.

ಅಮೆರಿಕದಲ್ಲಿ ಈ ಪ್ರಶ್ನೆಗೆ ಪುಸ್ತಕಗಳ ಸಾಲೇ ಹುಟ್ಟಿಕೊಂಡಿತು. ಸಾವಿಗಿಂತ ವಿಚ್ಛೇದನವೇ ಮರುಮದುವೆಗೆ ಮುಖ್ಯ ಕಾರಣವಾದ ಮೇಲೆ ಅಲ್ಲಿ ಮಗುವಿನ ಹೆತ್ತ ತಾಯಿ ಬೇರೊಂದು ಮನೆಯಲ್ಲಿ ಬದುಕಿಯೇ ಇರುತ್ತಿದ್ದಳು. ಸಮಾಜಶಾಸ್ತ್ರಜ್ಞ ಆಂಡ್ರ್ಯೂ ಚೆರ್ಲಿನ್ 1978ರ ಲೇಖನವೊಂದರಲ್ಲಿ ಮರುಮದುವೆಯನ್ನು ಅಪೂರ್ಣ ಸಂಸ್ಥೆ ಎಂದು ಕರೆದರು. ಯಾರನ್ನು ಏನೆಂದು ಕರೆಯಬೇಕು, ಯಾರು ಯಾರನ್ನು ಗದರಬಹುದು ಎಂಬುದಕ್ಕೆ ಪದವೂ ಇಲ್ಲ, ಪದ್ಧತಿಯೂ ಇಲ್ಲ ಎಂಬುದು ಅವರ ವಾದ. ಮರುವರ್ಷ ಎಮಿಲಿ ಮತ್ತು ಜಾನ್ ವಿಷರ್ ದಂಪತಿಗಳ ಪುಸ್ತಕ ಬಂತು. ಅವರದೇ ಇಂಥ ಸಂಸಾರ. ಪೆಟ್ರೀಷಿಯಾ ಪೇಪರ್ನೋ 1993ರಲ್ಲಿ ಬರೆದ ಪುಸ್ತಕ, ಇಂಥ ಮನೆಗಳು ಕೂಡಿ ಬರುವುದನ್ನು ಏಳು ಹಂತಗಳಲ್ಲಿ ವಿವರಿಸುತ್ತದೆ. ಮೊದಲ ಹಂತ ಕನಸಿನದು: ಮನೆಗೆ ಕಾಲಿಟ್ಟ ದಿನವೇ ಎಲ್ಲರೂ ಎಲ್ಲರನ್ನೂ ಪ್ರೀತಿಸಿಬಿಡುತ್ತಾರೆ ಎಂಬ ಭ್ರಮೆ. ಅದು ಒಡೆದು ನಿಜವಾದ ನಂಟು ಕುದುರಲು ವರ್ಷಗಳೇ ಬೇಕು. ಅಲ್ಲಿಯವರೆಗೆ ಮಕ್ಕಳನ್ನು ತಿದ್ದುವ ಕೆಲಸ ಹೆತ್ತವರ ಕೈಯಲ್ಲಿದ್ದರೆ ಒಳ್ಳೆಯದು, ಹೊಸಬರು ಮೊದಲು ಸ್ನೇಹ ಗಳಿಸಲಿ ಎಂದು ಈ ಲೇಖಕರು ಸಾಮಾನ್ಯವಾಗಿ ಹೇಳುತ್ತಾರೆ. ಉತ್ತಾನಪಾದ ಅಂದು ಬಾಯಿ ತೆರೆಯಬೇಕಿತ್ತು ಎಂದೇ ಇದರ ಅರ್ಥ.

ಈ ಕೈಪಿಡಿಗಳಿಗೆ ನೂರು ವರ್ಷಕ್ಕೂ ಹಿಂದೆ ಇಂಗ್ಲೆಂಡಿನ ಎಲಿಜಬೆತ್ ಗ್ಯಾಸ್ಕೆಲ್ ಇದನ್ನೆಲ್ಲ ಕಂಡಿದ್ದರು. 1864ರಿಂದ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದ ಅವರ 'ವೈವ್ಸ್ ಅಂಡ್ ಡಾಟರ್ಸ್' ಕಾದಂಬರಿಯಲ್ಲಿ ವೈದ್ಯ ಗಿಬ್ಸನ್ ಮಗಳು ಮಾಲಿಗಾಗಿ ಎಂದುಕೊಂಡು ಮರುಮದುವೆಯಾಗುತ್ತಾನೆ. ಬಂದವಳು ರಾಕ್ಷಸಿಯಲ್ಲ. ಹೊಡೆಯುವುದಿಲ್ಲ, ಉಪವಾಸ ಕೆಡವುವುದಿಲ್ಲ. ತನ್ನ ಮಗಳ ಕೋಣೆಗೂ ಮಾಲಿಯ ಕೋಣೆಗೂ ಒಂದೇ ಬಗೆಯ ಹೊಸ ಸಾಮಾನು ಹಾಕಿಸುತ್ತಾಳೆ, ಯಾರೂ ಭೇದ ಮಾಡಿದಳು ಎನ್ನಬಾರದೆಂದು. ಅದಕ್ಕಾಗಿ ಮಾಲಿಯ ಕೋಣೆಯಿಂದ ಹೊರಹಾಕಿದ ಹಳೆಯ ಸಾಮಾನು ಅವಳ ಸತ್ತ ತಾಯಿಯದು. ಸಮಾನವಾಗಿ ಕಾಣುವ ಭರದಲ್ಲೇ ಪೆಟ್ಟು ಬೀಳುತ್ತದೆ. ಎಷ್ಟೋ ಮಲತಾಯಿಯರ ಕಷ್ಟ ಇದೇ ಇರಬೇಕು. ಗ್ಯಾಸ್ಕೆಲ್ 1865ರಲ್ಲಿ ಕಾದಂಬರಿ ಮುಗಿಯುವ ಮುನ್ನವೇ ತೀರಿಕೊಂಡರು. ಅದೇ ವರ್ಷ ಅಮೆರಿಕದಲ್ಲಿ ಲಿಂಕನ್‌ರ ಹತ್ಯೆಯಾಯಿತು. ಅವರ ಜೀವನಚರಿತ್ರೆಗಾಗಿ ಹರ್ನ್‌ಡನ್ ಎಂಬ ವಕೀಲರು ಮಾತನಾಡಿಸಲು ಹೋದವರಲ್ಲಿ ಲಿಂಕನ್‌ರ ಮಲತಾಯಿ ಸಾರಾ ಬುಷ್ ಕೂಡ ಒಬ್ಬರು. ತನ್ನ ಮೂರು ಮಕ್ಕಳೊಡನೆ 1819ರಲ್ಲಿ ಆ ಮರದ ಗುಡಿಸಲಿಗೆ ಬಂದ, ಓದುಬರಹ ಬಾರದ ವಿಧವೆ ಆಕೆ; ಹತ್ತು ವರ್ಷದ ಹುಡುಗ ಓದುವುದಕ್ಕೆ ಅಡ್ಡಿ ಬಾರದಂತೆ ಕಾದವರು.

ಚೆರ್ಲಿನ್ ಇಲ್ಲವೆಂದ ಪದ ಕನ್ನಡದಲ್ಲಿದೆ. 'ಮಲತಾಯಿ' ಎಂಬುದು ಪುಸ್ತಕದ, ಭಾಷಣದ ಪದ. ಮನೆಯೊಳಗೆ ಮಕ್ಕಳು ಕರೆಯುವುದು ಚಿಕ್ಕಮ್ಮ, ಚಿಕ್ಕವ್ವ ಎಂದು. ತಾಯಿಯ ತಂಗಿಗೂ ಚಿಕ್ಕಪ್ಪನ ಹೆಂಡತಿಗೂ ಇರುವ ಹೆಸರೇ ಇವಳಿಗೂ. ಹೆಂಡತಿ ಸತ್ತರೆ ಅವಳ ತಂಗಿಯನ್ನೇ ತಂದುಕೊಳ್ಳುವ ರೂಢಿಯಿದ್ದ ಮನೆಗಳಲ್ಲಂತೂ ಕೂಗುವ ಹೆಸರು ಬದಲಾಗುತ್ತಲೇ ಇರಲಿಲ್ಲ.

ಮಹಾಭಾರತದಲ್ಲಿ ಇಂಥದೊಂದು ಮನೆ ಎಷ್ಟು ಚೆನ್ನಾಗಿ ಕೂಡಿಕೊಂಡಿದೆಯೆಂದರೆ ಅದು ಇಬ್ಬರು ತಾಯಂದಿರ ಮನೆ ಎಂಬುದೇ ಓದುಗರಿಗೆ ಮರೆತುಹೋಗುತ್ತದೆ. ಹೆತ್ತ ಕರ್ಣನನ್ನು ನೀರಿನಲ್ಲಿ ಬಿಟ್ಟ ಕುಂತಿ, ತಾನು ಹೆರದ ನಕುಲ ಸಹದೇವರನ್ನು ಮಾದ್ರಿಯ ಚಿತೆಯ ಬಳಿಯಿಂದ ಎತ್ತಿಕೊಂಡು ಬಂದವಳು. ಮುಂದೆ ಕೊಳದ ಬಳಿ ಸತ್ತುಬಿದ್ದ ತಮ್ಮಂದಿರಲ್ಲಿ ಒಬ್ಬನನ್ನು ಮಾತ್ರ ಬದುಕಿಸುವೆನೆಂದು ಯಕ್ಷ ಹೇಳಿದಾಗ ಧರ್ಮರಾಯ ಭೀಮನನ್ನಾಗಲಿ ಅರ್ಜುನನನ್ನಾಗಲಿ ಕೇಳಲಿಲ್ಲ, ನಕುಲನನ್ನು ಕೇಳಿದ. ಕುಂತಿಗೆ ತಾನೊಬ್ಬನಿದ್ದೇನೆ, ಮಾದ್ರಿಗೂ ಒಬ್ಬ ಉಳಿಯಲಿ ಎಂದ. ಈ ಪ್ರಸಂಗ ಪ್ರಸಿದ್ಧ. ಅದಕ್ಕಿಂತ ಮೊದಲಿನದು ಅಷ್ಟು ಪ್ರಸಿದ್ಧವಲ್ಲ. ಜೂಜಿನಲ್ಲಿ ಸೋತು ಐವರೂ ಕಾಡಿಗೆ ಹೊರಟ ದಿನ ಕುಂತಿ ದ್ರೌಪದಿಯನ್ನು ಕರೆದು, ಕಾಡಿನಲ್ಲಿ ಸಹದೇವನ ಮೇಲೆ ವಿಶೇಷವಾಗಿ ಕಣ್ಣಿಡು, ಈ ಕಷ್ಟದಲ್ಲಿ ಅವನು ಕುಗ್ಗಬಾರದು ಎಂದು ಹೇಳಿ ಕಳಿಸುತ್ತಾಳೆ. ಸಹದೇವ ಮಾದ್ರಿಯ ಕಿರಿಯ ಮಗ.