ಕೇಸ್ ಮುಗಿಯೋವರೆಗೆ ಬಾಡಿಗೆ ಎಷ್ಟು?

ಓನರ್ ಜೊತೆಗಿನ ಜಗಳ ಕೋರ್ಟಿಗೆ ಹೋದರೆ, ಕೇಸ್ ಮುಗಿಯೋವರೆಗೂ ಬಾಡಿಗೆ ಕಟ್ಟಬೇಕಾ ಅಂತ ತುಂಬಾ ಜನ ಕೇಳ್ತೀರಿ. ಕಟ್ಟಬೇಕು. ಎಷ್ಟು, ಯಾವ ತಾರೀಖಿನೊಳಗೆ ಅಂತ ಕೋರ್ಟ್ ಮಧ್ಯಂತರ ಆದೇಶ ಮಾಡುತ್ತೆ. ಮಧ್ಯಂತರ ತಾನೇ ಅಂತ ಹಗುರವಾಗಿ ತಗೊಂಡ್ರೆ ಮನೆಯೇ ಹೋಗಬಹುದು. ನಾನು ಬಿ.ಕಾಂ., ಲಾಯರ್ ಅಲ್ಲ. ಆದರೆ ಇದರಲ್ಲಿ ಅರ್ಧ ಲೆಕ್ಕವೇ ಇರೋದು, ಅದಕ್ಕೇ ಧೈರ್ಯ ಮಾಡಿದ್ದೀನಿ.

ಉದಾಹರಣೆ ದೆಹಲಿಯದ್ದು, ಯಾಕಂದ್ರೆ ಈ ವಿಷಯದ ಎರಡು ಮುಖ್ಯ ತೀರ್ಪು ಅಲ್ಲಿನ ಕೇಸುಗಳಿಂದ ಬಂದಿವೆ. ಬಾಕಿ ಇದೆ ಅಂತ ಓನರ್ ಕೇಸ್ ಹಾಕಿದರೆ, ದೆಹಲಿ ಬಾಡಿಗೆ ನಿಯಂತ್ರಣ ಕಾಯ್ದೆ, 1958ರ ಸೆಕ್ಷನ್ 15ರ ಪ್ರಕಾರ ರೆಂಟ್ ಕಂಟ್ರೋಲರ್ ಆದೇಶ ಮಾಡಿದ ಒಂದು ತಿಂಗಳೊಳಗೆ ಬಾಕಿ ಕಟ್ಟಬೇಕು. ಆಮೇಲಿನ ಬಾಡಿಗೆಯನ್ನ ಪ್ರತಿ ಮುಂದಿನ ತಿಂಗಳ 15ರೊಳಗೆ. ಬಾಡಿಗೆ ಎಷ್ಟು ಅನ್ನೋದೇ ತಕರಾರಾದರೆ ಸದ್ಯಕ್ಕೆ ಇಷ್ಟು ಅಂತ ಅವರೇ ಗೊತ್ತುಮಾಡ್ತಾರೆ. ಕಟ್ಟದಿದ್ದರೆ ಬಾಡಿಗೆದಾರರ ಡಿಫೆನ್ಸ್ ತೆಗೆದುಹಾಕಬಹುದು. ಅಂದ್ರೆ ಮನೆ ಯಾಕೆ ಬಿಡಬಾರದು ಅನ್ನೋ ನಿಮ್ಮ ವಾದವನ್ನ ಕೋರ್ಟ್ ಲೆಕ್ಕಕ್ಕೇ ತಗೊಳ್ಳಲ್ಲ.

ಒಬ್ಬ ಉದ್ಯೋಗಸ್ಥ ಮಹಿಳೆಗೆ ಹಾಗೇ ಆಯ್ತು. ಬಾಡಿಗೆ ದುಡ್ಡನ್ನ ತಮ್ಮ ವಕೀಲರ ಕೈಗೆ ಕೊಟ್ಟಿದ್ದರು, ಅವರು ಕೋರ್ಟಿಗೆ ಕಟ್ಟಲಿಲ್ಲ. ಡಿಫೆನ್ಸ್ ಹೋಯ್ತು, ಮನೆ ಖಾಲಿ ಮಾಡಿ ಅಂತ ಆದೇಶವೂ ಬಂತು. 1980ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅದನ್ನ ರದ್ದು ಮಾಡಿದರು. ಕಾನೂನಿನಲ್ಲಿ ಇರೋದು ‘ತೆಗೆದುಹಾಕಬಹುದು’ ಅಂತ, ‘ತೆಗೆದುಹಾಕಲೇಬೇಕು’ ಅಂತಲ್ಲ. ಬೇಕಂತಲೇ ಕಟ್ಟದವರಿಗೆ ಇಟ್ಟಿರೋ ಅಸ್ತ್ರ ಅದು. ಒಂದು ‘ಬಹುದು’ ಮೇಲೆ ಒಬ್ಬರ ಮನೆ ನಿಂತಿತ್ತು, ನೋಡಿ. ಆದರೆ ಈ ತೀರ್ಪು ನಂಬ್ಕೊಂಡು ತಾರೀಖು ತಪ್ಪಿಸೋಕೆ ಹೋಗಬೇಡಿ. ಆಯಮ್ಮ ಸುಪ್ರೀಂ ಕೋರ್ಟ್‌ವರೆಗೆ ಹೋಗಬೇಕಾಯ್ತು.

ಇನ್ನೊಂದು ಕೇಸಲ್ಲಿ ನಂಗೆ ಓನರ್ ಪರವೇ ನ್ಯಾಯ ಕಾಣುತ್ತೆ. ಕನಾಟ್ ಸರ್ಕಸ್‌ನಲ್ಲಿ ಸುಮಾರು 1000 ಚದರ ಅಡಿಯ ಜಾಗ, 1944ರಿಂದ ಬಾಡಿಗೆಗೆ. ತಿಂಗಳಿಗೆ 371 ರೂಪಾಯಿ 90 ಪೈಸೆ! ಖಾಲಿ ಮಾಡಿ ಅಂತ ಆದೇಶ ಆಯ್ತು, ಬಾಡಿಗೆದಾರರು ಅಪೀಲು ಹೋದರು. ಸ್ಟೇ ಬೇಕಾದರೆ ತಿಂಗಳಿಗೆ 15,000 ಡೆಪಾಸಿಟ್ ಮಾಡಿ ಅಂತು ಟ್ರಿಬ್ಯುನಲ್. ಹೈಕೋರ್ಟ್ ಆ ಷರತ್ತನ್ನ ತೆಗೆದುಹಾಕಿತು. 2004ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ವಾಪಸ್ ಹಾಕಿತು. ಖಾಲಿ ಮಾಡೋ ಆದೇಶ ಆದಮೇಲೆ ಹಳೇ ಬಾಡಿಗೆಯಲ್ಲೇ ಕೂತಿರೋ ಹಕ್ಕಿಲ್ಲ, ಸ್ಟೇ ಬೇಕಂದ್ರೆ ನ್ಯಾಯವಾದ ಮೊತ್ತ ಕಟ್ಟಿ ಅಂತ. ಇಲ್ಲದಿದ್ದರೆ ಅಪೀಲು ಎಳೆದಷ್ಟೂ ಲಾಭ, ಯಾರು ತಾನೇ ಬೇಗ ಮುಗಿಸ್ತಾರೆ?

ಆದೇಶ ತಪ್ಪು ಅನ್ನಿಸಿದರೆ ಮೇಲಿನ ಕೋರ್ಟಿದೆ, ನಿಜ. ಆದರೆ ಸಂವಿಧಾನದ 227ನೇ ವಿಧಿಯಲ್ಲಿ ಹೈಕೋರ್ಟಿಗೆ ಹೋದರೆ ಅದು ಅಪೀಲಲ್ಲ, ಮೇಲ್ವಿಚಾರಣೆ. ಕೆಳಗಿನವರು ತಮ್ಮ ಅಧಿಕಾರ ಮೀರಿದ್ದಾರಾ ಅಂತ ನೋಡ್ತಾರೆ, ಬಾಡಿಗೆ ಲೆಕ್ಕವನ್ನ ಮೊದಲಿಂದ ಹಾಕೋಕೆ ಕೂರಲ್ಲ. ಅರ್ಜಿ ಹಾಕಿದ ಮಾತ್ರಕ್ಕೆ ಕಟ್ಟೋ ತಾರೀಖೂ ನಿಲ್ಲಲ್ಲ, ಅದಕ್ಕೆ ಬೇರೆಯಾಗಿ ಸ್ಟೇ ಸಿಗಬೇಕು.

ನಮ್ಮ ಕರ್ನಾಟಕ ಬಾಡಿಗೆ ಕಾಯ್ದೆ, 1999ರಲ್ಲೂ ಕೇಸ್ ನಡೆಯುವಾಗ ಬಾಡಿಗೆ ಕಟ್ಟೋಕೆ ಸೆಕ್ಷನ್ 45 ಇದೆ. ಆದರೆ ಬೆಂಗಳೂರಲ್ಲಿ ತಿಂಗಳಿಗೆ 3500 ದಾಟಿದ ಮನೆಗೆ ಆ ಕಾಯ್ದೆಯೇ ಅನ್ವಯಿಸಲ್ಲ. ಇದನ್ನ ಕೇಳ್ತಿರೋ ನಿಮ್ಮಲ್ಲಿ ಎಷ್ಟು ಜನ ಅದರೊಳಗೆ ಬರ್ತೀರಿ ಹೇಳಿ! ಉಳಿದವರದ್ದು ಮಾಮೂಲಿ ಸಿವಿಲ್ ದಾವೆ. ಅದರ ನೋಟಿಸ್ ಹೇಗಿರುತ್ತೆ ಅನ್ನೋದು ಮುಂದಿನ ಎಪಿಸೋಡಿನಲ್ಲಿ.