ಹೊಲದ ಎಲ್ಲೆಯೂ ಸರ್ಕಾರದ ಅಧಿಕಾರವೂ



ಹಾಸನದ ಸೀಮೆಯಲ್ಲಿ, ಗೊರೂರಿನ ಬಳಿ ಹೇಮಾವತಿಗೆ ಕಟ್ಟಿದ ಅಣೆಕಟ್ಟು 1979ರಲ್ಲಿ ಮುಗಿಯಿತು. ಅದರ ನಾಲೆಗಳು ಅರಕಲಗೂಡು, ಹೊಳೆನರಸೀಪುರ, ಚನ್ನರಾಯಪಟ್ಟಣಗಳ ಹೊಲಗಳಿಗೆ ನೀರುಣಿಸುತ್ತಿವೆ. ನಾಲೆ ಹರಿಯಬೇಕಾದರೆ ಯಾರದೋ ನೆಲ ಹೋಗಲೇಬೇಕು. ಆದರೆ ಲೋಕೋಪಯೋಗವೆಂಬ ಮಾತೊಂದರಿಂದಲೇ ಬದುವನ್ನು ದಾಟುವ ಅಧಿಕಾರ ಸರ್ಕಾರಕ್ಕುಂಟೆ?

ಇಲ್ಲ. 1978ರ ತಿದ್ದುಪಡಿಯಿಂದ ಸ್ವತ್ತಿನ ಹಕ್ಕು ಮೂಲಭೂತ ಹಕ್ಕುಗಳ ಸಾಲಿನಿಂದ ಹೊರಬಿದ್ದರೂ, ಶಾಸನದ ಆಧಾರವಿಲ್ಲದೆ ಯಾರ ಸ್ವತ್ತನ್ನೂ ಕಸಿಯಕೂಡದೆಂದು ಸಂವಿಧಾನದ 300ಎ ವಿಧಿ ವಿಧಿಸುತ್ತದೆ. 2013ರ ಭೂಸ್ವಾಧೀನ ಶಾಸನದ ಸಾಮಾನ್ಯ ಕ್ರಮವೆಂದರೆ ಮೊದಲು ಪ್ರಕಟಣೆ, 60 ದಿನಗಳೊಳಗೆ ಆಕ್ಷೇಪಣೆ, ಪೂರ್ಣ ಪರಿಹಾರ ಸಂದ ಬಳಿಕವೇ ಸ್ವಾಧೀನ.

ಹಿಮಾಚಲ ಪ್ರದೇಶದಲ್ಲಿ 1967–68ರಲ್ಲಿ ಈ ಬಗೆಯ ಯಾವ ಕ್ರಮವೂ ಇಲ್ಲದೆ ಹೊಲವೊಂದು ರಸ್ತೆಗೆ ಸೇರಿಹೋಯಿತು. ಬಾಯಿಮಾತಿನ ಒಪ್ಪಿಗೆಯಿತ್ತು, ಬಹುಕಾಲದ ಅನುಭವದಿಂದ ನೆಲ ತನ್ನದಾಯಿತು ಎಂದು ಸರ್ಕಾರ ವಾದಿಸಿತು. ಸರ್ವೋಚ್ಚ ನ್ಯಾಯಾಲಯವು 2020ರಲ್ಲಿ ಎರಡನ್ನೂ ತಳ್ಳಿ ಪರಿಹಾರ ಕೊಡಿಸಿತು. ನ್ಯಾಯವೇನೋ ದೊರೆಯಿತು, ಆದರೆ ಅರ್ಧ ಶತಮಾನ ಕಳೆದ ಮೇಲೆ.

ಆದುದರಿಂದ ಪಟ್ಟಣದಲ್ಲಿರುವ ನಾವು ಊರಿನ ಬಂಧುಗಳಿಗೆ ತಿಳಿಯಹೇಳಬೇಕು: ಗುದ್ದಲಿ ಬಿದ್ದ ದಿನವೇ ಆಜ್ಞೆಯ ಪ್ರತಿಯನ್ನು ಕೇಳಿರಿ, ಪಹಣಿ ತೆಗೆದಿರಿಸಿ, ಹದ್ದುಬಸ್ತಿಗೆ ಅರ್ಜಿ ಕೊಡಿರಿ, ಆಕ್ಷೇಪಣೆಯನ್ನು ಬರೆದು ಕೊಟ್ಟು ಸ್ವೀಕೃತಿ ಪಡೆಯಿರಿ. ನಾಲೆಯ ನೀರು ಊರಿಗೆಲ್ಲ ಸಲ್ಲುವುದು. ಅದರ ಬೆಲೆಯನ್ನು ಒಬ್ಬನೇ ತೆರಬೇಕೆಂಬುದು ನ್ಯಾಯವಲ್ಲ.